ಚುನಾಯಿತ ಪಂಚಾಯತಿಗೆ ಸಂವಿಧಾನದ ಬೇಲಿ



ನಮ್ಮ ಈ ಪತ್ರಿಕೆಯಲ್ಲಿ ಸಾಮಾನ್ಯವಾಗಿ ಕಾಫಿ ಧಾರಣೆ, ಅಡಿಕೆ ಮಂಡಿಯ ಏರಿಳಿತ, ಕೊಳೆರೋಗಕ್ಕೆ ಬೋರ್ಡೋ ಸಿಂಪರಣೆ, ಗೊಬ್ಬರದ ದಾಸ್ತಾನು ಮುಂತಾದ ವಿಚಾರಗಳೇ ಇರುತ್ತವೆ. ಈ ಸಲ ಅವನ್ನು ಸ್ವಲ್ಪ ಬದಿಗಿಟ್ಟು, ಸದಸ್ಯರು ಸಂಘದ ಕಚೇರಿಗೆ ಬಂದಾಗಲೆಲ್ಲ ಕೇಳುತ್ತಿರುವ ಎರಡು ಪ್ರಶ್ನೆಗಳಿಗೆ ನಮಗೆ ತಿಳಿದಮಟ್ಟಿಗೆ ಉತ್ತರ ಬರೆಯಲು ಹೊರಟಿದ್ದೇವೆ. ಮೊದಲನೆಯದು: ಜಿಲ್ಲಾ ಪಂಚಾಯತಿ, ತಾಲ್ಲೂಕು ಪಂಚಾಯತಿಗಳಿಗೆ ಚುನಾವಣೆಯನ್ನೇ ನಡೆಸದೆ ರಾಜ್ಯ ಸರ್ಕಾರ ವರ್ಷಗಟ್ಟಲೆ ಅಧಿಕಾರಿಗಳ ಮೂಲಕ ಆಡಳಿತ ನಡೆಸಬಹುದೇ? ಎರಡನೆಯದು: ಹಾಗೆಯೇ ನಾಳೆ ನಮ್ಮ ಸಹಕಾರ ಸಂಘದ ಆಡಳಿತ ಮಂಡಳಿಯನ್ನೂ ಕೆಳಗಿಳಿಸಬಹುದೇ?

ಎರಡೂ ಒಂದೇ ಜಾತಿಯ ಪ್ರಶ್ನೆಗಳಂತೆ ಕಾಣುತ್ತವೆ. ಆದರೆ ಕಾನೂನಿನ ದೃಷ್ಟಿಯಲ್ಲಿ ಉತ್ತರಗಳು ಬೇರೆ ಬೇರೆ. ಏಕೆ ಬೇರೆ ಎಂಬುದನ್ನು ತಿಳಿದುಕೊಂಡರೆ ನಮ್ಮ ಹಕ್ಕು ಎಲ್ಲಿ ಗಟ್ಟಿಯಾಗಿದೆ, ಎಲ್ಲಿ ಸಡಿಲವಾಗಿದೆ ಎಂಬುದೂ ತಿಳಿಯುತ್ತದೆ.

ಹಿಂದೆ ಇದ್ದ ಸ್ಥಿತಿ

ಸಂವಿಧಾನ ರಚನಾ ಸಭೆಯಲ್ಲಿ ಗ್ರಾಮ ಪಂಚಾಯತಿಗಳ ಬಗ್ಗೆ ಒಮ್ಮತವಿರಲಿಲ್ಲ. 1948ರ ನವೆಂಬರ್ 4ರಂದು ಕರಡು ಸಂವಿಧಾನವನ್ನು ಮಂಡಿಸುತ್ತ ಡಾ. ಅಂಬೇಡ್ಕರ್ ಅವರು ಹಳ್ಳಿಯನ್ನು ರಾಜ್ಯಾಡಳಿತದ ತಳಹದಿಯಾಗಿ ಒಪ್ಪಲು ಸಿದ್ಧರಿರಲಿಲ್ಲ. ಹಳ್ಳಿಯ ಜಾತಿ ಕಟ್ಟುಪಾಡು, ಸಂಕುಚಿತ ದೃಷ್ಟಿಗಳ ವಿಷಯದಲ್ಲಿ ಅವರಿಗೆ ಇದ್ದ ಆತಂಕಕ್ಕೆ ಕಾರಣವಿತ್ತು. ಅದನ್ನು ಹಳ್ಳಿಯಲ್ಲೇ ಬಾಳುವ ನಾವು ಅಲ್ಲಗಳೆಯುವಂತಿಲ್ಲ. ಗಾಂಧೀವಾದಿ ಸದಸ್ಯರು ಅಸಮಾಧಾನಗೊಂಡರು. ಅದೇ ತಿಂಗಳ 22ರಂದು ಕೆ. ಸಂತಾನಂ ಅವರು ತಂದ ತಿದ್ದುಪಡಿಯನ್ನು ಅಂಬೇಡ್ಕರ್ ಒಪ್ಪಿಕೊಂಡರು. ಅದೇ ಇಂದಿನ 40ನೇ ವಿಧಿ. ಪಂಚಾಯತಿಗಳನ್ನು ರಚಿಸಲು ರಾಜ್ಯವು ಕ್ರಮ ಕೈಗೊಳ್ಳತಕ್ಕದ್ದು ಎಂಬುದು ಅದರ ತಾತ್ಪರ್ಯ. ಆದರೆ ಅದು ನಿರ್ದೇಶಕ ತತ್ವಗಳ ಸಾಲಿಗೆ ಸೇರಿತು. ನಿರ್ದೇಶಕ ತತ್ವವೆಂದರೆ ಹಿರಿಯರ ಬುದ್ಧಿವಾದವಿದ್ದಂತೆ. ಕೇಳಿದರೆ ಒಳ್ಳೆಯದು, ಕೇಳದಿದ್ದರೆ ಕೋರ್ಟಿಗೆ ಹೋಗುವಂತಿಲ್ಲ.

1957ರಲ್ಲಿ ಬಲವಂತರಾಯ್ ಮೆಹ್ತಾ ಸಮಿತಿ ಮೂರು ಹಂತದ ಪಂಚಾಯತಿಗಳನ್ನು ಶಿಫಾರಸು ಮಾಡಿತು. 1959ರ ಅಕ್ಟೋಬರ್ 2ರಂದು ರಾಜಸ್ಥಾನದ ನಾಗೌರ್‌ನಲ್ಲಿ ನೆಹರೂ ಅವರು ಈ ವ್ಯವಸ್ಥೆಯನ್ನು ಉದ್ಘಾಟಿಸಿದರು. ಅನಂತರದ ಮೂವತ್ತು ವರ್ಷಗಳ ಕಥೆ ಹೆಚ್ಚುಕಡಿಮೆ ಎಲ್ಲ ರಾಜ್ಯಗಳಲ್ಲೂ ಒಂದೇ. ಅವಧಿ ಮುಗಿದರೂ ಚುನಾವಣೆ ಇಲ್ಲ. ಬರಗಾಲವೆಂದೋ ಪಟ್ಟಿ ಸಿದ್ಧವಾಗಿಲ್ಲವೆಂದೋ ಮುಂದೂಡಿಕೆ. ಆಳುವ ಪಕ್ಷಕ್ಕೆ ಸರಿಬಾರದ ಮಂಡಳಿಯಾದರೆ ವಿಸರ್ಜನೆ, ಅದರ ಜಾಗಕ್ಕೆ ಆಡಳಿತಾಧಿಕಾರಿ. ಪಂಚಾಯತಿಯು ರಾಜ್ಯದ ಒಂದು ಕಾಯ್ದೆಯ ಕೂಸಾಗಿತ್ತು. ಹೆತ್ತವರೇ ಬೇಡವೆಂದರೆ ಕೇಳುವವರು ಯಾರು?

ನಮ್ಮ ರಾಜ್ಯದ ಅನುಭವ ಇದಕ್ಕೆ ಒಳ್ಳೆಯ ಉದಾಹರಣೆ. ರಾಮಕೃಷ್ಣ ಹೆಗಡೆಯವರ ಸರ್ಕಾರದಲ್ಲಿ ಅಬ್ದುಲ್ ನಜೀರ್ ಸಾಬ್ ಅವರು ರೂಪಿಸಿದ 1983ರ ಕಾಯ್ದೆಗೆ ರಾಷ್ಟ್ರಪತಿಗಳ ಅಂಕಿತ ಬಿದ್ದದ್ದು 1985ರಲ್ಲಿ. 1987ರ ಜನವರಿಯಲ್ಲಿ ಜಿಲ್ಲಾ ಪರಿಷತ್ತು, ಮಂಡಲ ಪಂಚಾಯತಿಗಳಿಗೆ ಚುನಾವಣೆ ನಡೆಯಿತು. ಸ್ತ್ರೀಯರಿಗೆ ಶೇಕಡ 25ರಷ್ಟು ಸ್ಥಾನ ಮೀಸಲಾಯಿತು. ಜಿಲ್ಲಾ ಪರಿಷತ್ತಿನ ಅಧ್ಯಕ್ಷರಿಗೆ ರಾಜ್ಯ ಮಂತ್ರಿಯ ದರ್ಜೆ. ಜಿಲ್ಲಾಧಿಕಾರಿಗಿಂತ ಹಿರಿಯರಾದ ಅಧಿಕಾರಿ ಅದರ ಮುಖ್ಯ ಕಾರ್ಯದರ್ಶಿ. ದೇಶವೇ ತಿರುಗಿ ನೋಡಿದ ಪ್ರಯೋಗವಿದು. ಆದರೆ ಐದು ವರ್ಷ ತುಂಬಿದ 1992ರಲ್ಲಿ ಚುನಾವಣೆ ಬರಲಿಲ್ಲ, ಆಡಳಿತಾಧಿಕಾರಿಗಳು ಬಂದರು. ಅಷ್ಟು ಹೆಸರು ಮಾಡಿದ ಸಂಸ್ಥೆಯೂ ರಾಜ್ಯ ಕಾಯ್ದೆಯೊಂದರ ಆಸರೆಯಲ್ಲಿ ಮಾತ್ರ ನಿಂತಿತ್ತು.

73ನೇ ತಿದ್ದುಪಡಿ ಹಾಕಿದ ಬೇಲಿ

1989ರಲ್ಲಿ ರಾಜೀವ್ ಗಾಂಧಿಯವರ ಸರ್ಕಾರ ತಂದ 64ನೇ ತಿದ್ದುಪಡಿ ಮಸೂದೆ ಲೋಕಸಭೆಯಲ್ಲಿ ಗೆದ್ದು ರಾಜ್ಯಸಭೆಯಲ್ಲಿ ಬಿದ್ದುಹೋಯಿತು. 1992ರ ಡಿಸೆಂಬರಿನಲ್ಲಿ ಸಂಸತ್ತು 73 ಮತ್ತು 74ನೇ ತಿದ್ದುಪಡಿಗಳನ್ನು ಅಂಗೀಕರಿಸಿತು. ಅರ್ಧಕ್ಕಿಂತ ಹೆಚ್ಚು ರಾಜ್ಯಗಳ ವಿಧಾನಮಂಡಲಗಳು ಅವಕ್ಕೆ ಅನುಮೋದನೆ ಕೊಟ್ಟವು. ಈ ಅನುಮೋದನೆಯ ಮಾತನ್ನು ಸದಸ್ಯರು ನೆನಪಿನಲ್ಲಿಡಬೇಕು. ಸಹಕಾರ ಸಂಘಗಳ ವಿಚಾರಕ್ಕೆ ಬಂದಾಗ ಅದು ಬೇಕಾಗುತ್ತದೆ. ಪಂಚಾಯತಿಗಳ ತಿದ್ದುಪಡಿ 1993ರ ಏಪ್ರಿಲ್ 24ರಿಂದ, ಪಟ್ಟಣ ಸಂಸ್ಥೆಗಳದು ಅದೇ ವರ್ಷ ಜೂನ್ 1ರಿಂದ ಜಾರಿಗೆ ಬಂದವು.

ಇವುಗಳಲ್ಲಿ ರಾಜ್ಯ ಸರ್ಕಾರದ ಕೈಕಟ್ಟುವ ಅಂಶಗಳನ್ನು ಸರಳವಾಗಿ ಹೇಳುವುದಾದರೆ ಹೀಗೆ:

ಒಂದು, 243ಇ ವಿಧಿಯಂತೆ ಪಂಚಾಯತಿಯ ಅವಧಿ ಅದರ ಮೊದಲ ಸಭೆಯ ದಿನದಿಂದ ಐದು ವರ್ಷ. ಅದಕ್ಕಿಂತ ಒಂದು ದಿನವೂ ಹೆಚ್ಚಿಲ್ಲ. ಕಾಯ್ದೆಯ ಪ್ರಕಾರ ಮೊದಲೇ ವಿಸರ್ಜನೆಯಾದರೆ ಮಾತ್ರ ಕಡಿಮೆ.

ಎರಡು, ಹೊಸ ಪಂಚಾಯತಿಯ ಚುನಾವಣೆ ಹಳೆಯದರ ಅವಧಿ ಮುಗಿಯುವುದರೊಳಗೇ ಪೂರ್ಣಗೊಂಡಿರಬೇಕು. ಆರು ತಿಂಗಳ ಕಾಲಾವಕಾಶವಿದೆ ಎಂದು ಅನೇಕರು ತಿಳಿದಿದ್ದಾರೆ. ಅದು ಮಧ್ಯದಲ್ಲಿ ವಿಸರ್ಜನೆಯಾದ ಪಂಚಾಯತಿಗೆ ಮಾತ್ರ. ಸಹಜವಾಗಿ ಅವಧಿ ತೀರುವ ಪಂಚಾಯತಿಗೆ ಯಾವ ರಿಯಾಯಿತಿಯೂ ಇಲ್ಲ.

ಮೂರು, ನಡೆಯುತ್ತಿರುವ ಪಂಚಾಯತಿಯನ್ನು ಕಾಯ್ದೆ ತಿದ್ದುವ ನೆಪದಿಂದ ಅವಧಿಗೆ ಮುಂಚೆ ಇಲ್ಲವಾಗಿಸುವಂತಿಲ್ಲ. ಹಿಂದೆ ಹೊಸ ಕಾಯ್ದೆ ತಂದು ಹಳೆಯ ಮಂಡಳಿಗಳನ್ನು ಒಮ್ಮೆಗೇ ಮನೆಗೆ ಕಳುಹಿಸುತ್ತಿದ್ದ ಪದ್ಧತಿಗೆ ಇದರಿಂದ ತಡೆ ಬಿತ್ತು.

ನಾಲ್ಕು, 243ಕೆ ವಿಧಿಯಂತೆ ಮತದಾರರ ಪಟ್ಟಿ ತಯಾರಿಕೆಯೂ ಚುನಾವಣೆ ನಡೆಸುವುದೂ ರಾಜ್ಯ ಚುನಾವಣಾ ಆಯೋಗದ ಕೆಲಸ. ಆಯುಕ್ತರನ್ನು ತೆಗೆಯಬೇಕಾದರೆ ಉಚ್ಚ ನ್ಯಾಯಾಲಯದ ನ್ಯಾಯಾಧೀಶರನ್ನು ತೆಗೆಯುವಷ್ಟೇ ಕಷ್ಟದ ಕ್ರಮ ಅನುಸರಿಸಬೇಕು. ನೇಮಕವಾದ ಮೇಲೆ ಅವರ ಸೇವಾ ಷರತ್ತುಗಳನ್ನು ಅವರಿಗೆ ಅನನುಕೂಲವಾಗುವಂತೆ ಬದಲಿಸುವಂತಿಲ್ಲ.

ಐದು, ಪಂಚಾಯತಿಗಳ ಹಣಕಾಸು ಸ್ಥಿತಿಯನ್ನು ಪರಿಶೀಲಿಸಲು ಐದು ವರ್ಷಕ್ಕೊಮ್ಮೆ ರಾಜ್ಯ ಹಣಕಾಸು ಆಯೋಗ ರಚಿಸಬೇಕು.

ಇಲ್ಲೊಂದು ಸಣ್ಣ ವ್ಯತ್ಯಾಸವನ್ನೂ ಹೇಳಬೇಕು. ನಗರಸಭೆ, ಪುರಸಭೆಗಳನ್ನು ವಿಸರ್ಜಿಸುವ ಮುನ್ನ ಅವುಗಳ ಅಹವಾಲು ಕೇಳಲು ಸೂಕ್ತ ಅವಕಾಶ ಕೊಡಬೇಕೆಂದು 243ಯು ವಿಧಿಯಲ್ಲಿ ಸ್ಪಷ್ಟವಾಗಿ ಬರೆದಿದೆ. ಪಂಚಾಯತಿಗಳ ವಿಧಿಯಲ್ಲಿ ಆ ಮಾತು ಇಲ್ಲ. ಪೇಟೆಯವರಿಗೆ ಬರೆದುಕೊಟ್ಟ ಮಾತನ್ನು ಹಳ್ಳಿಯವರಿಗೆ ಏಕೆ ಬರೆಯಲಿಲ್ಲವೋ, ಬರೆದವರೇ ಬಲ್ಲರು.

ನ್ಯಾಯಾಲಯ ಹೇಳಿದ್ದೇನು?

ಅಹಮದಾಬಾದ್ ಮಹಾನಗರಪಾಲಿಕೆಯ ಅವಧಿ 2005ರ ಅಕ್ಟೋಬರಿನಲ್ಲಿ ಮುಗಿಯಿತು. ಚುನಾವಣೆ ಸಕಾಲಕ್ಕೆ ಆಗಲಿಲ್ಲ. ವಾರ್ಡುಗಳ ಪುನರ್ವಿಂಗಡಣೆ, ಮತದಾರರ ಪಟ್ಟಿಯ ಪರಿಷ್ಕರಣೆ ಎಂಬ ಕಾರಣಗಳು ಬಂದವು. ಕಿಶನ್‌ಸಿಂಗ್ ತೋಮರ್ ಪ್ರಕರಣವೆಂದು ಹೆಸರಾದ ಈ ವ್ಯಾಜ್ಯದಲ್ಲಿ 2006ರ ಅಕ್ಟೋಬರ್ 19ರಂದು ಸರ್ವೋಚ್ಚ ನ್ಯಾಯಾಲಯದ ಐವರು ನ್ಯಾಯಮೂರ್ತಿಗಳ ಪೀಠ ತೀರ್ಪು ಕೊಟ್ಟಿತು. ಐದು ವರ್ಷದ ಅವಧಿ ಕಡ್ಡಾಯ. ಪಟ್ಟಿಯ ಪರಿಷ್ಕರಣೆ, ಕ್ಷೇತ್ರ ವಿಂಗಡಣೆಗಳನ್ನು ಮೊದಲೇ ಮುಗಿಸಿಕೊಳ್ಳಬೇಕೇ ಹೊರತು ಅವು ಮುಂದೂಡಲು ನೆಪವಾಗಬಾರದು. ಪ್ರಕೃತಿ ವಿಕೋಪ, ಕಾನೂನು ಸುವ್ಯವಸ್ಥೆಯ ಕುಸಿತ ಮುಂತಾದ ನಿಜವಾದ ತೊಡಕುಗಳು ಬಂದರೆ ಮಾತ್ರ ವಿನಾಯಿತಿ. ರಾಜ್ಯ ಸರ್ಕಾರ ಸಹಕರಿಸದಿದ್ದರೆ ಚುನಾವಣಾ ಆಯೋಗವೇ ಉಚ್ಚ ನ್ಯಾಯಾಲಯಕ್ಕೆ, ಅಗತ್ಯ ಬಿದ್ದರೆ ಸರ್ವೋಚ್ಚ ನ್ಯಾಯಾಲಯಕ್ಕೆ ಹೋಗಬಹುದು ಎಂದೂ ಪೀಠ ತಿಳಿಸಿತು.

ಆಯುಕ್ತರ ಸ್ವಾತಂತ್ರ್ಯದ ಬಗ್ಗೆಯೂ ಎರಡು ಪ್ರಸಂಗಗಳಿವೆ. 2020ರ ಮಾರ್ಚಿನಲ್ಲಿ ಆಂಧ್ರಪ್ರದೇಶದ ಚುನಾವಣಾ ಆಯುಕ್ತರು ಕೋವಿಡ್ ಕಾರಣದಿಂದ ಸ್ಥಳೀಯ ಚುನಾವಣೆಗಳನ್ನು ಮುಂದೂಡಿದರು. ಸರ್ಕಾರಕ್ಕೆ ಅದು ಹಿಡಿಸಲಿಲ್ಲ. ಏಪ್ರಿಲಿನಲ್ಲಿ ಸುಗ್ರೀವಾಜ್ಞೆ ಹೊರಡಿಸಿ ಆಯುಕ್ತರ ಅಧಿಕಾರಾವಧಿಯನ್ನು ಐದರಿಂದ ಮೂರು ವರ್ಷಕ್ಕೆ ಇಳಿಸಿತು. ಆ ಲೆಕ್ಕದಲ್ಲಿ ಹುದ್ದೆಯಲ್ಲಿದ್ದವರ ಅವಧಿ ಆಗಲೇ ಮುಗಿದಿತ್ತು! ಮೇ 29ರಂದು ಅಲ್ಲಿನ ಉಚ್ಚ ನ್ಯಾಯಾಲಯ ಆ ಸುಗ್ರೀವಾಜ್ಞೆಯನ್ನು ರದ್ದುಪಡಿಸಿತು. ಗೋವೆಯಲ್ಲಿ ಸರ್ಕಾರದ ಕಾನೂನು ಕಾರ್ಯದರ್ಶಿಗೇ ಚುನಾವಣಾ ಆಯುಕ್ತರ ಹೆಚ್ಚುವರಿ ಹೊಣೆ ವಹಿಸಲಾಗಿತ್ತು. ಸರ್ಕಾರದ ಕೆಳಗೆ ನೌಕರಿಯಲ್ಲಿರುವವರು ಚುನಾವಣಾ ಆಯುಕ್ತರಾಗಿರುವಂತಿಲ್ಲವೆಂದು 2021ರ ಮಾರ್ಚ್ 12ರಂದು ಸರ್ವೋಚ್ಚ ನ್ಯಾಯಾಲಯ ತೀರ್ಪಿತ್ತಿತು. ತೋಟದ ರೈಟರನ್ನೇ ತೋಟದ ಲೆಕ್ಕ ತಪಾಸಣೆಗೂ ನೇಮಿಸಿದರೆ ಏನಾದೀತೆಂದು ನಮ್ಮವರಿಗೆ ಬಿಡಿಸಿ ಹೇಳಬೇಕಾಗಿಲ್ಲ.

ಹಾಗಿದ್ದೂ ನಮ್ಮಲ್ಲಿ ಆದದ್ದು

ಇಷ್ಟು ಗಟ್ಟಿ ಬೇಲಿ ಇದ್ದರೂ ಕರ್ನಾಟಕದಲ್ಲಿ ಏನಾಯಿತು ನೋಡಿ. 2016ರ ಫೆಬ್ರವರಿಯಲ್ಲಿ ಆರಿಸಿದ ಜಿಲ್ಲಾ ಮತ್ತು ತಾಲ್ಲೂಕು ಪಂಚಾಯತಿಗಳ ಅವಧಿ 2021ರ ಏಪ್ರಿಲ್–ಮೇ ವೇಳೆಗೆ ಮುಗಿಯಿತು. ಆಗ ಕೋವಿಡಿನ ಎರಡನೇ ಅಲೆ. ಆ ಕೆಲವು ತಿಂಗಳ ಮುಂದೂಡಿಕೆಯನ್ನು ಯಾರೂ ಆಕ್ಷೇಪಿಸಲಾರರು. ಆದರೆ ಅದೇ ವರ್ಷ, ಕ್ಷೇತ್ರ ವಿಂಗಡಣೆ ಹಾಗೂ ಮೀಸಲಾತಿ ನಿಗದಿಯ ಕೆಲಸವನ್ನು ಚುನಾವಣಾ ಆಯೋಗದಿಂದ ತೆಗೆಯುವ ತಿದ್ದುಪಡಿ ಬಂತು. ಕ್ಷೇತ್ರ ವಿಂಗಡಣೆಗೆಂದೇ ಬೇರೊಂದು ಆಯೋಗ ನೇಮಕವಾಯಿತು. ಚುನಾವಣಾ ಆಯೋಗ ಉಚ್ಚ ನ್ಯಾಯಾಲಯದ ಬಾಗಿಲು ತಟ್ಟಿತು. 2021ರ ಮಧ್ಯದಿಂದ 2025ರ ಮಧ್ಯದವರೆಗೆ ಪೂರಾ ನಾಲ್ಕು ವರ್ಷ ಜಿಲ್ಲಾ, ತಾಲ್ಲೂಕು ಪಂಚಾಯತಿಗಳಲ್ಲಿ ಚುನಾಯಿತ ಸದಸ್ಯರು ಇರಲಿಲ್ಲ. ಈ ಅವಧಿಯಲ್ಲಿ ಒಂದು ಪಕ್ಷದ ಸರ್ಕಾರ ಹೋಗಿ ಇನ್ನೊಂದು ಪಕ್ಷದ ಸರ್ಕಾರ ಬಂತು. ಬೇರೆಲ್ಲದರಲ್ಲೂ ಜಗಳವಾಡುವ ಪಕ್ಷಗಳು ಈ ಒಂದು ವಿಷಯದಲ್ಲಿ ಒಂದೇ ದಾರಿ ಹಿಡಿದವು. ಆದ್ದರಿಂದ ಇದನ್ನು ಪಕ್ಷದ ದೃಷ್ಟಿಯಿಂದ ನೋಡದೆ ಅಧಿಕಾರದ ಸ್ವಭಾವವೆಂದೇ ನೋಡಬೇಕು.

ಸರ್ಕಾರದ ಪಕ್ಷದ ವಾದವನ್ನೂ ಹೇಳುವುದು ನ್ಯಾಯ. ಹಿಂದುಳಿದ ವರ್ಗಗಳ ಮೀಸಲಾತಿಯ ತೊಡಕು ಕಟ್ಟುಕಥೆಯಲ್ಲ. ರಾಜಕೀಯ ಹಿಂದುಳಿದಿರುವಿಕೆಯನ್ನು ಪ್ರತ್ಯೇಕವಾಗಿ ಅಧ್ಯಯನ ಮಾಡಿ, ಒಟ್ಟು ಮೀಸಲಾತಿ ಶೇಕಡ 50ನ್ನು ಮೀರದಂತೆ ನಿಗದಿಪಡಿಸಬೇಕೆಂದು ಸರ್ವೋಚ್ಚ ನ್ಯಾಯಾಲಯ 2010ರಲ್ಲೂ 2021ರಲ್ಲೂ ಹೇಳಿತ್ತು. ಅದಕ್ಕಾಗಿಯೇ ನಮ್ಮ ರಾಜ್ಯದಲ್ಲಿ 2022ರಲ್ಲಿ ನ್ಯಾಯಮೂರ್ತಿ ಭಕ್ತವತ್ಸಲ ಆಯೋಗ ನೇಮಕವಾಗಿ, ಅದೇ ವರ್ಷ ವರದಿ ಕೊಟ್ಟಿತು. ಆದರೆ ಮಧ್ಯಪ್ರದೇಶದ ಸುರೇಶ್ ಮಹಾಜನ್ ಪ್ರಕರಣದಲ್ಲಿ 2022ರ ಮೇ 10ರಂದು ಅದೇ ನ್ಯಾಯಾಲಯ ಇನ್ನೊಂದು ಮಾತನ್ನೂ ಹೇಳಿದೆ: ಈ ಅಧ್ಯಯನವಾಗಲಿ ಕ್ಷೇತ್ರ ವಿಂಗಡಣೆಯಾಗಲಿ ಮುಗಿದಿಲ್ಲವೆಂದು ಚುನಾವಣೆಯನ್ನು ತಡೆಹಿಡಿಯುವಂತಿಲ್ಲ. ಅಂದರೆ ತೊಡಕು ನಿಜ. ಆದರೆ ಅದು ನಾಲ್ಕು ವರ್ಷದ ತೊಡಕಲ್ಲ.

ಇದರಿಂದ ಬೆಳೆಗಾರನಿಗೆ ನಷ್ಟವೇನು ಎಂದು ಕೇಳಬಹುದು. ಸಂವಿಧಾನದ 11ನೇ ಅನುಸೂಚಿಯಲ್ಲಿ ಪಂಚಾಯತಿಗಳಿಗೆ ವಹಿಸಬಹುದಾದ 29 ವಿಷಯಗಳ ಪಟ್ಟಿಯಿದೆ. ಕೃಷಿ, ಸಣ್ಣ ನೀರಾವರಿ, ಕುಡಿಯುವ ನೀರು, ಪ್ರಾಥಮಿಕ ಶಾಲೆ ಅದರಲ್ಲಿವೆ. 13ನೇ ಬಾಬಿನಲ್ಲಿ ರಸ್ತೆ, ಮೋರಿ, ಸೇತುವೆಗಳು ಹೆಸರಿಟ್ಟೇ ಬಂದಿವೆ. ಮಲೆನಾಡಿನಲ್ಲಿ ಮೋರಿ ಕೊಚ್ಚಿಹೋದರೆ ಏನಾಗುತ್ತದೆ? ಗೊಬ್ಬರದ ಲಾರಿ ತೋಟದವರೆಗೆ ಬರುವುದಿಲ್ಲ, ಕೊಯಿಲಿನ ಆಳುಗಳ ಜೀಪು ನಿಲ್ಲುತ್ತದೆ, ಮಕ್ಕಳು ಅಡಿಕೆ ಮರದ ಸಂಕ ದಾಟಿ ಶಾಲೆಗೆ ಹೋಗುತ್ತಾರೆ. ನಮ್ಮ ಭಾಗದ ಅಂಥದೊಂದು ಮೋರಿಗಾಗಿ ಸಂಘದಿಂದ ಮೂರು ಮಳೆಗಾಲಗಳಲ್ಲಿ ಅರ್ಜಿ ಬರೆದೆವು. ಪ್ರತಿ ಸಲವೂ ಸೌಜನ್ಯದ ಉತ್ತರವೇ ಬಂತು. ಉತ್ತರ ಬರೆದ ಅಧಿಕಾರಿ ಪ್ರತಿ ಸಲವೂ ಬೇರೆಯವರು.

ಆಡಳಿತಾಧಿಕಾರಿಗಳು ಅಸಮರ್ಥರೆಂದು ನಾವು ಹೇಳುತ್ತಿಲ್ಲ. ಹಲವರು ದಕ್ಷರು, ಪ್ರಾಮಾಣಿಕರು. ಆದರೆ ಅಧಿಕಾರಿಗೆ ಮೇಲಿನವರಿಗೆ ಉತ್ತರ ಹೇಳುವ ಹೊಣೆ. ಚುನಾಯಿತ ಸದಸ್ಯನಿಗೆ ಕೆಳಗಿನವರಿಗೆ ಉತ್ತರ ಹೇಳುವ ಹೊಣೆ. ಸದಸ್ಯ ಎಂಥವನೇ ಆಗಿರಲಿ, ಸಂತೆಯ ದಿನ ನಮ್ಮ ಕೈಗೆ ಸಿಕ್ಕೇ ಸಿಗುತ್ತಾನೆ. ಇನ್ನೊಂದು ನಷ್ಟ ನೇರ ಹಣದ್ದು. 15ನೇ ಹಣಕಾಸು ಆಯೋಗದ ಅನುದಾನವನ್ನು ಚುನಾಯಿತ ಮಂಡಳಿಯಿರುವ ಸಂಸ್ಥೆಗಳಿಗೆ ಮಾತ್ರ ಕೊಡುವ ನಿಯಮವಿದ್ದುದರಿಂದ, ಚುನಾವಣೆ ನಡೆಸದ ರಾಜ್ಯವು ತನ್ನ ಹಳ್ಳಿಗಳ ಪಾಲನ್ನು ತಾನೇ ಕಳೆದುಕೊಂಡಂತಾಯಿತು.

ಬೇಲಿಯಲ್ಲಿ ಗಂಡಿ ಎಲ್ಲಿದೆ?

ಒಂದು ಗಂಡಿ 243ಜಿ ವಿಧಿಯಲ್ಲೇ ಇದೆ. ಪಂಚಾಯತಿಗಳಿಗೆ ಅಧಿಕಾರವನ್ನು ವಿಧಾನಮಂಡಲವು ಕೊಡಬಹುದು ಎಂದಿದೆಯೇ ಹೊರತು ಕೊಡಲೇಬೇಕು ಎಂದಿಲ್ಲ. ಪಂಚಾಯತಿ ಇರಲೇಬೇಕು, ಐದು ವರ್ಷಕ್ಕೊಮ್ಮೆ ಚುನಾವಣೆ ಆಗಲೇಬೇಕು. ಆದರೆ ಅದರ ಕೈಗೆ ಎಷ್ಟು ಕೆಲಸ, ಎಷ್ಟು ಹಣ ಎಂಬುದು ರಾಜ್ಯದ ಮರ್ಜಿ. ಮನೆ ಕಟ್ಟಿಸುವುದು ಕಡ್ಡಾಯವಾಗಿ, ಬೀಗದಕೈ ಕೊಡುವುದು ಐಚ್ಛಿಕವಾದಂತಾಯಿತು.

ಇನ್ನೊಂದು ಗಂಡಿ, ಉಲ್ಲಂಘನೆಗೆ ಶಿಕ್ಷೆಯಿಲ್ಲದಿರುವುದು. ಅವಧಿ ಮೀರಿದರೆ ಇಂಥವರು ಹೊಣೆ, ಇಷ್ಟು ದಂಡ ಎಂದು ಸಂವಿಧಾನದಲ್ಲಿ ಬರೆದಿಲ್ಲ. ಯಾರಾದರೂ ಕೋರ್ಟಿಗೆ ಹೋಗಬೇಕು, ಸರ್ಕಾರ ಕಾಲಾವಕಾಶ ಕೇಳಬೇಕು, ವಾಯಿದೆಗಳು ಬೀಳಬೇಕು. ಅಷ್ಟರಲ್ಲಿ ಒಂದು ಮಂಡಳಿಯ ಪೂರ್ಣ ಅವಧಿಯೇ ಕಳೆದುಹೋಗಬಹುದು. ಇದರಿಂದ ವಿಧಿ ನಿಷ್ಪ್ರಯೋಜಕವೆಂದು ತಿಳಿಯಬಾರದು. ನಮ್ಮಲ್ಲೇ 2020ರ ಡಿಸೆಂಬರಿನಲ್ಲಿ ಕೋವಿಡಿನ ನಡುವೆಯೂ ಗ್ರಾಮ ಪಂಚಾಯತಿ ಚುನಾವಣೆಗಳು ನಡೆದವು. ಮನಸ್ಸಿದ್ದರೆ ಮಾರ್ಗ ಎಂಬುದಕ್ಕೆ ಬೇರೆ ಸಾಕ್ಷಿ ಬೇಕೇ?

ಸಹಕಾರ ಸಂಘಗಳ ಸಂಗತಿ

ಈಗ ಎರಡನೆಯ ಪ್ರಶ್ನೆ. 2011ರಲ್ಲಿ ಅಂಗೀಕಾರವಾಗಿ 2012ರ ಫೆಬ್ರವರಿ 15ರಿಂದ ಜಾರಿಗೆ ಬಂದ 97ನೇ ತಿದ್ದುಪಡಿಯು ಸಹಕಾರ ಸಂಘಗಳಿಗೂ ಪಂಚಾಯತಿಗಳಂಥದೇ ರಕ್ಷಣೆ ಕೊಡಲು ಹೊರಟಿತ್ತು. ಮಂಡಳಿಯ ಅವಧಿ ಐದು ವರ್ಷ. ಸೂಪರ್‌ಸೀಡ್ ಮಾಡಿದರೆ ಸಾಮಾನ್ಯವಾಗಿ ಆರು ತಿಂಗಳಿಗಿಂತ ಹೆಚ್ಚಿಲ್ಲ. ಸರ್ಕಾರದ ಷೇರು, ಸಾಲ, ನೆರವು, ಖಾತರಿ ಯಾವುದೂ ಇಲ್ಲದ ಸಂಘವನ್ನು ಸೂಪರ್‌ಸೀಡ್ ಮಾಡುವಂತೆಯೇ ಇಲ್ಲ. ಓದಿ ನಮಗೆಲ್ಲ ಸಂತೋಷವಾಗಿತ್ತು.

ಆದರೆ ಸಹಕಾರ ಸಂಘಗಳು ರಾಜ್ಯಪಟ್ಟಿಯ ವಿಷಯ. ರಾಜ್ಯಗಳ ಶಾಸನಾಧಿಕಾರವನ್ನು ಮೊಟಕುಗೊಳಿಸುವ ತಿದ್ದುಪಡಿಗೆ ಕನಿಷ್ಠ ಅರ್ಧದಷ್ಟು ರಾಜ್ಯಗಳ ಅನುಮೋದನೆ ಬೇಕೆಂದು 368ನೇ ವಿಧಿ ಹೇಳುತ್ತದೆ. 73ನೇ ತಿದ್ದುಪಡಿಗೆ ಆ ಅನುಮೋದನೆ ಪಡೆದಿದ್ದರು, 97ನೆಯದಕ್ಕೆ ಪಡೆಯಲಿಲ್ಲ. ಗುಜರಾತ್ ಉಚ್ಚ ನ್ಯಾಯಾಲಯ 2013ರಲ್ಲಿ ಈ ಲೋಪವನ್ನು ಎತ್ತಿಹಿಡಿಯಿತು. 2021ರ ಜುಲೈ 20ರಂದು ಸರ್ವೋಚ್ಚ ನ್ಯಾಯಾಲಯವೂ ಬಹುಮತದಿಂದ ಒಪ್ಪಿತು. ಅಂತರರಾಜ್ಯ ಸಹಕಾರ ಸಂಘಗಳಿಗೆ ಆ ರಕ್ಷಣೆ ಉಳಿಯಿತು. ಒಂದೇ ರಾಜ್ಯದೊಳಗಿನ ನಮ್ಮಂಥ ಸಂಘಗಳಿಗೆ ಹೋಯಿತು.

ಹೀಗಾಗಿ ಸಹಕಾರ ಸಂಘ ಕಟ್ಟಿಕೊಳ್ಳುವ ಮೂಲಭೂತ ಹಕ್ಕು 19ನೇ ವಿಧಿಯಲ್ಲಿ ನಮಗಿದೆ. ಆದರೆ ಕಟ್ಟಿದ ಸಂಘದ ಮಂಡಳಿಯನ್ನು ಯಾವಾಗ, ಎಷ್ಟು ಕಾಲ ಬದಿಗಿಡಬಹುದು ಎಂಬುದು ರಾಜ್ಯದ 1959ರ ಸಹಕಾರ ಸಂಘಗಳ ಕಾಯ್ದೆಗೆ ಸೇರಿದ್ದು. ಆ ಕಾಯ್ದೆಯನ್ನು ವಿಧಾನಮಂಡಲ ಸರಳ ಬಹುಮತದಿಂದ ತಿದ್ದಬಹುದು. 1992ಕ್ಕೆ ಮುಂಚೆ ಪಂಚಾಯತಿಗಳು ಎಲ್ಲಿ ನಿಂತಿದ್ದವೋ, ನಾವು ಹೆಚ್ಚುಕಡಿಮೆ ಅಲ್ಲೇ ನಿಂತಿದ್ದೇವೆ. ನಮ್ಮ ನಿಜವಾದ ಬೇಲಿಯೆಂದರೆ ಚೊಕ್ಕ ಲೆಕ್ಕಪತ್ರ, ಸಕಾಲದ ಆಡಿಟ್, ಸಕಾಲದ ಚುನಾವಣೆ ಮತ್ತು ತುಂಬಿದ ಸರ್ವಸದಸ್ಯರ ಸಭೆ. ಸೂಪರ್‌ಸೀಡ್ ಮಾಡಲು ಬರುವವರಿಗೆ ಮೊದಲು ಬೇಕಾಗುವುದು ಒಂದು ಕಾರಣ. ಅದನ್ನು ನಾವಾಗಿ ಒದಗಿಸಬಾರದು.

ನಾವು ಮಾಡಬಹುದಾದದ್ದು

ಗ್ರಾಮಸಭೆಗೆ, ವಾರ್ಡ್ ಸಭೆಗೆ ಬೆಳೆಗಾರರು ಹೋಗುವುದು ಕಡಿಮೆ. ಕೊಯಿಲು, ಮರಗಸಿ, ಸಿಂಪರಣೆ ಎಂದು ಕಾರಣಗಳಿವೆ. ಆದರೂ ಮನೆಗೊಬ್ಬರಾದರೂ ಹೋಗುವುದು ಅವಶ್ಯ. ಪಂಚಾಯತಿ ಚುನಾವಣೆಯ ಕರಡು ಮತದಾರರ ಪಟ್ಟಿ ಪ್ರಕಟವಾದಾಗ ತಮ್ಮ ಹೆಸರನ್ನೂ ತೋಟದ ಲೈನಿನಲ್ಲಿರುವ ಕೆಲಸಗಾರರ ಹೆಸರುಗಳನ್ನೂ ನೋಡಿಕೊಳ್ಳಬೇಕು; ಅವರೂ ಈ ಹಳ್ಳಿಯ ಮತದಾರರೇ. ಅವಧಿ ಮುಗಿಯುವ ಆರು ತಿಂಗಳ ಮೊದಲೇ ಚುನಾವಣಾ ಸಿದ್ಧತೆ ಎಲ್ಲಿಗೆ ಬಂತೆಂದು ರಾಜ್ಯ ಚುನಾವಣಾ ಆಯೋಗಕ್ಕೆ ಪತ್ರ ಬರೆದು ಕೇಳುವ ಪದ್ಧತಿಯನ್ನು ಸಂಘಗಳು ಇಟ್ಟುಕೊಳ್ಳಬಹುದು. ಅವಧಿ ಮುಗಿದ ಮೇಲೆ ಕೂಗುವುದಕ್ಕಿಂತ ಮುಗಿಯುವ ಮೊದಲು ಕೇಳುವುದು ಮೇಲು. ವಿಧಾನಸಭೆಯ ಅಭ್ಯರ್ಥಿಗಳು ಮತ ಕೇಳಲು ಬಂದಾಗ, ಅವರು ಯಾವ ಪಕ್ಷದವರೇ ಆಗಲಿ, ಜಿಲ್ಲಾ ಪಂಚಾಯತಿ ಚುನಾವಣೆಯನ್ನು ಅವಧಿಯೊಳಗೆ ನಡೆಸುತ್ತೀರಾ ಎಂಬ ಒಂದು ಪ್ರಶ್ನೆ ಕೇಳಿದರೂ ಸಾಕು.

243ಇ ವಿಧಿಯ ಕನ್ನಡ ಪಾಠವನ್ನು ಸಂಘದ ಸೂಚನಾ ಫಲಕದಲ್ಲಿ ಅಂಟಿಸಿದ್ದೇವೆ. ಒಂದು ಪುಟಕ್ಕೂ ಕಡಿಮೆ. ಧಾರಣೆ ನೋಡಲು ಬಂದವರು ಅದನ್ನೂ ಒಮ್ಮೆ ಓದಿಕೊಂಡು ಹೋಗಬೇಕಾಗಿ ವಿನಂತಿ.